ಅಂಗಡಿ ಮುಂದಿನ ಕುರ್ಚಿ

ನಮ್ಮ ಅಂಗಡಿಯಲ್ಲಿ ಒಂದು ಕಾನೂನಿತ್ತು. ಗಿರಾಕಿ ಎದುರಿಗಿರುವಾಗ ಉರ್ದು ಆಡಬಾರದು. ಹೆಂಡತಿ ಊಟದ ಡಬ್ಬಿ ತಂದುಕೊಟ್ಟರೂ ಕನ್ನಡ, ನೆಂಟರು ಬಂದು ನಿಂತರೂ ಕನ್ನಡ, ಮಗಳು ಸ್ಕೂಲು ಬಿಟ್ಟು ಬಂದು ಹಸಿವು ಅಂದರೂ ಕನ್ನಡದಲ್ಲೇ ಅನ್ನಬೇಕು. ಕಾನೂನು ಮಾಡಿದವನು ನಾನೇ. ಪಂಪ್‌ಸೆಟ್ಟಿನ ಮೋಟರು ಸುಟ್ಟುಹೋಗಿ, ಗದ್ದೆ ಒಣಗುತ್ತದಲ್ಲ ಎಂಬ ಸಂಕಟದಲ್ಲಿ ಬಂದು ಕೂತ ರೈತನ ಮುಂದೆ ನಾವು ನಾವೇ ಏನೋ ಮಾತಾಡಿಕೊಂಡರೆ, ಇವರು ನನಗೆ ಟೋಪಿ ಹಾಕಲು ನೋಡುತ್ತಿದ್ದಾರೆ ಎಂದು ಅವನಿಗೆ ಅನ್ನಿಸುತ್ತದೆ. ಅನ್ನಿಸಬಾರದು. ಅದು ವ್ಯಾಪಾರದ ಮರ್ಯಾದೆ ಎಂದು ನಾನು ತಿಳಿದಿದ್ದೆ.

ನನ್ನದು ಹೊಳೆನರಸೀಪುರದಲ್ಲಿ ಮೋಟರು ವೈಂಡಿಂಗ್ ಅಂಗಡಿ. ಸುಟ್ಟ ಮೋಟರು ಬಿಚ್ಚಿ, ಹಳೇ ತಂತಿ ಕಿತ್ತು, ಹೊಸ ತಾಮ್ರದ ತಂತಿಯ ಕಾಯಿಲು ಕಟ್ಟಿಕೊಡುವ ಕೆಲಸ. ಹುಟ್ಟಿದ್ದು ಅರಕಲಗೂಡಿನಲ್ಲಿ. ಅಪ್ಪ ತೀರಿಕೊಂಡಾಗ ಸ್ಕೂಲು ಬಿಡಿಸಿ ಚನ್ನರಾಯಪಟ್ಟಣದ ಒಬ್ಬ ಉಸ್ತಾದರ ಹತ್ತಿರ ಬಿಟ್ಟರು. ಉಸ್ತಾದರು ಹೊಡೆದು ಕಲಿಸಿದರು, ನಾನು ಹೊಡೆಸಿಕೊಂಡು ಕಲಿತೆ. ನಾನು ಕಟ್ಟಿದ ಕಾಯಿಲು ಮತ್ತೆ ಸುಟ್ಟು ವಾಪಸ್ಸು ಬಂದದ್ದು ಕಡಿಮೆ. ಇದನ್ನು ಜಂಬಕ್ಕೇ ಹೇಳುತ್ತಿದ್ದೇನೆ. ಓದಿಲ್ಲದವನಿಗೆ ಜಂಬಪಡಲು ಕೈಯ ಕೆಲಸ ಬಿಟ್ಟರೆ ಇನ್ನೇನಿರುತ್ತದೆ? ಕನ್ನಡ ಬರೆಯಲು ಓದಲು ಸರಿಯಾಗಿ ಬಂದದ್ದು ಆಮೇಲೆ, ಅಂಗಡಿಗೆ ಬರುತ್ತಿದ್ದ ದಿನಪತ್ರಿಕೆಯಿಂದ.

ಮಗಳು ಇನ್ನೂ ಚಿಕ್ಕವಳಿದ್ದಾಗ ಒಂದು ದಿನ ರುದ್ರಪಟ್ಟಣದ ಕಡೆಯ ರೈತರಿಬ್ಬರು ಮೋಟರು ಇಳಿಸಿ, ಬೀಡಿ ಹಚ್ಚಲು ಆಚೆ ಹೋದರು. ಅವರು ಅತ್ತ ಹೋಗುತ್ತಿದ್ದಂತೆ, ಅಪ್ಪನನ್ನು ಅಬ್ಬಾ ಎಂದೇ ಕರೆಯುವ ಮಗಳು ಕೇಳಿದಳು:

"ಅಬ್ಬಾ, ಅವರಿಬ್ಬರೂ ನಮ್ಮೆದುರಿಗೇ ಪಿಸಿಪಿಸಿ ಅಂತ ಮಾತಾಡ್ಕೊಂಡ್ರಲ್ಲ. ನಮಗೆ ಟೋಪಿ ಹಾಕ್ತಾರೆ ಅಂತ ನಿಮಗೆ ಅನ್ನಿಸಲ್ವಾ?"

"ಅವರು ಆಡಿದ್ದು ಕನ್ನಡ. ನಮಗೆ ಬರುತ್ತೆ."

"ಅವರಿಗೆ ಉರ್ದು ಬರದೆ ಇರೋದು ನಮ್ಮ ತಪ್ಪಾ?"

"ತಲೆಹರಟೆ ಮಾಡಬೇಡ. ಡಬ್ಬಿ ತೊಳೆದಿಡು."

ಡಬ್ಬಿ ತೊಳೆದಿಟ್ಟಳು. ಪ್ರಶ್ನೆಯನ್ನು ಮಾತ್ರ ಬಿಡಲಿಲ್ಲ ಎಂದು ನನಗೆ ಗೊತ್ತಾಗಲು ಬಹಳ ವರ್ಷ ಬೇಕಾಯಿತು.

ನಮ್ಮ ಮಳಿಗೆ ಗೌಡರದು. ಹೊಳೆಯ ಬದಿಗೆ ಅವರ ಗದ್ದೆ, ತೆಂಗಿನ ತೋಟ. ಪೇಟೆಯಲ್ಲಿ ಒಂದು ಸಾಲು ಮಳಿಗೆ. ನನ್ನನ್ನು ಬಾಡಿಗೆದಾರ ಎಂದು ಅವರು ನೋಡಿದ್ದೇ ಇಲ್ಲ. ಮಧ್ಯಾಹ್ನ ಊಟವಾದ ಮೇಲೆ ಬಂದು ನಮ್ಮ ಸ್ಟೂಲಿನ ಮೇಲೆ ಕೂತು ಪೇಪರು ತೆಗೆದುಕೊಂಡು, ಕನ್ನಡಕ ಮರೆತು ಬಂದೆ ಎಂದು ನನ್ನಿಂದಲೇ ಓದಿಸುತ್ತಿದ್ದರು. ಕನ್ನಡಕ ಅವರ ಜೇಬಿನಲ್ಲೇ ಇರುತ್ತಿತ್ತು.

ತೊಂಬತ್ತರ ದಶಕದ ಶುರುವಿನಲ್ಲಿ ಒಂದು ಚಳಿಗಾಲ, ದೂರದ ಊರುಗಳ ಗಲಾಟೆಯ ಸುದ್ದಿ ರೇಡಿಯೋದಲ್ಲಿ ಬರತೊಡಗಿತು. ನಮ್ಮಲ್ಲಿ ಏನೂ ಆಗಿರಲಿಲ್ಲ. ಆದರೆ ಸಂತೆಯ ದಿನವೂ ಪೇಟೆ ಬೇಗ ಖಾಲಿಯಾಗುತ್ತಿತ್ತು. ದಿನಾ ಬಾಯ್ತುಂಬ ಮಾತಾಡಿಸುತ್ತಿದ್ದವರು ಕತ್ತು ಬಗ್ಗಿಸಿಕೊಂಡು ಸೈಕಲ್ ತುಳಿದರು. ಸ್ಕೂಲಿಗೆ ರಜೆ ಕೊಟ್ಟಿದ್ದರು. ಮಗಳನ್ನು ಮನೆಯಲ್ಲಿ ಬಿಡಲು ಮನಸ್ಸಾಗದೆ ಅಂಗಡಿಗೇ ಕರೆದುಕೊಂಡು ಬರುತ್ತಿದ್ದೆ.

ಅಂಥ ಒಂದು ಬೆಳಿಗ್ಗೆ ಗೌಡರು ಕಬ್ಬಿಣದ ಮಡಚುವ ಕುರ್ಚಿಯೊಂದನ್ನು ಹೆಗಲ ಮೇಲೆ ಹೊತ್ತು ತಂದು, ನಮ್ಮ ಬಾಗಿಲ ಮುಂದಿನ ಚರಂಡಿ ಚಪ್ಪಡಿಯ ಮೇಲೆ ಬಿಚ್ಚಿ ಹಾಕಿದರು.

"ನೀವ್ ಒಳಗ್ ಕೆಲ್ಸ ನೋಡ್ಕಳಿ ಸಾಬ್ರೇ. ನಾನಿಲ್ಲಿ ವಸಿ ಬಿಸ್ಲು ಕಾಯಿಸ್ಕತೀನಿ."

ಬಿಸಿಲು ಏರಿ ಸುಡಲು ಶುರುವಾದ ಮೇಲೂ ಅವರು ಏಳಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಹೊಳೆ ಕಡೆಯಿಂದ ಹುಡುಗರ ಗುಂಪೊಂದು ಕೂಗುತ್ತಾ ಬಂತು. ನನಗೆ ಒಳಗಿನಿಂದ ಕಂಡದ್ದು ಗೌಡರ ಬೆನ್ನು, ತಲೆಗೆ ಸುತ್ತಿದ ಟವಲು, ಅದರಾಚೆ ಕಾಲುಗಳು. ಮಗಳನ್ನು ಕೆಲಸದ ಮೇಜಿನ ಹಿಂದೆ ಕೂರಿಸಿದೆ.

"ಯಾಕ್ರಲಾ, ಎತ್ಲಾಗ್ ಒಂಟ್ರಿ?" ಅಂದರು ಗೌಡರು, ಕೂತಲ್ಲಿಂದಲೇ.

ಒಬ್ಬ ಏನೋ ಅಂದ. ನನಗೆ ಕೇಳಲಿಲ್ಲ.

"ಈ ಸಾಬ್ರು ನಮ್ಮೋರು ಕಣ್ರಲಾ. ಆ ಥರದೋರಲ್ಲ. ಓಗ್ರಲಾ ಮನೆಗೆ, ನಿಮ್ಮವ್ವ ಮುದ್ದೆ ಮಾಡ್ಕಂಡು ಕಾಯ್ತಾವ್ಳೆ."

ಗುಂಪಿನಲ್ಲಿ ಯಾರೋ ನಕ್ಕರು. ಕಾಲುಗಳು ಮುಂದೆ ಹೋದವು. ಬೀದಿಯ ಕೊನೆಯಲ್ಲಿ ಒಬ್ಬ ಮುದುಕರ ಗುಜರಿ ಅಂಗಡಿಯಿತ್ತು, ನಮ್ಮ ಜನವೇ. ಸ್ವಲ್ಪ ಹೊತ್ತಿಗೆ ಅದರ ತಗಡಿನ ಮೇಲೆ ಕಲ್ಲು ಬೀಳುವ ಸದ್ದು ಕೇಳಿಸಿತು. ಒಂದರ ಮೇಲೊಂದು. ಗೌಡರು ಅತ್ತ ಕತ್ತು ತಿರುಗಿಸಿದರು, ಏಳಲಿಲ್ಲ. ಎದ್ದಿದ್ದರೆ ಕುರ್ಚಿ ಖಾಲಿಯಾಗುತ್ತಿತ್ತು.

ಮಾರನೆಯ ಬೆಳಿಗ್ಗೆ ಗುಜರಿಯ ಮುದುಕರು ಚನ್ನರಾಯಪಟ್ಟಣದ ಮಗಳ ಮನೆಗೆ ಹೋದವರು ವಾಪಸ್ಸು ಬರಲಿಲ್ಲ. ನನ್ನ ಅಂಗಡಿಗೆ ಒಂದು ಗೀರೂ ಬೀಳಲಿಲ್ಲ. ಗೌಡರು ಇನ್ನೂ ಕೆಲವು ದಿನ ಕುರ್ಚಿ ಹಾಕಿಕೊಂಡು ಕೂತರು. ಆಮೇಲೆ ಕುರ್ಚಿ ನಮ್ಮ ಮಳಿಗೆಯ ಮೂಲೆಯಲ್ಲೇ ಉಳಿಯಿತು. ಅರಕಲಗೂಡಿನ ನೆಂಟರ ಮದುವೆಗಳಲ್ಲಿ ಈ ಕತೆಯನ್ನು ನಾನು ಎಷ್ಟು ಸಲ ಹೇಳಿದ್ದೇನೋ. "ನಮ್ಮ ಗೌಡ್ರು ಅಂದ್ರೆ ಹಂಗೆ" ಎಂದು ಎದೆಯುಬ್ಬಿಸಿ ಹೇಳುತ್ತಿದ್ದೆ. ಗೌಡರು ನನ್ನನ್ನು ನಮ್ಮೋರು ಅಂದದ್ದು ಯಾವ ಸ್ಕೂಲೂ ನನಗೆ ಕೊಡದ ಸರ್ಟಿಫಿಕೇಟು.

ಮಗಳು ಹಾಸನಕ್ಕೆ ಹೋಗಿ ಲಾ ಓದಿದಳು. ಹುಡುಗಿಗೆ ಯಾಕೆ ಕೋರ್ಟು ಕಚೇರಿ ಎಂದ ನೆಂಟರಿಗೆ, ನನ್ನ ಬೆವರು ನನ್ನ ಮಗಳು, ನಿಮ್ಮದೇನು ಗಂಟು ಹೋಯಿತು ಎಂದೆ. ಅವಳು ಕರಿ ಕೋಟು ತೊಟ್ಟು ಬಂದ ಮೊದಲ ದಿನ ಗೌಡರು ತಮ್ಮ ತೋಟದ ಎಳನೀರು ಕಳಿಸಿ, "ನಮ್ ಮಳಿಗೇಲಿ ಬೆಳ್ದ ಕೂಸು, ನಮ್ ಲಾಯರಮ್ಮ" ಎಂದು ಪೇಟೆಗೆಲ್ಲ ಹೇಳಿಕೊಂಡು ಬಂದರು.

ಹಾಸನದಲ್ಲಿ ಒಬ್ಬ ಹಿರಿಯ ವಕೀಲರ ಹತ್ತಿರ ಜೂನಿಯರಾಗಿ ಸೇರಿದಳು. ಒಳ್ಳೆಯ ಮನುಷ್ಯ, ಮಗಳಂತೆ ನೋಡಿಕೊಂಡರು. ಆದರೆ ಒಂದು ದಿನ ದುದ್ದದ ಕಡೆಯಿಂದ ಜಮೀನು ತಕರಾರು ಹಿಡಿದು ಬಂದ ಹೆಂಗಸೊಬ್ಬಳು, ಇವಳ ಹೆಸರು ಕೇಳಿ, "ಆಯಮ್ಮನ ಕೈಗೆ ನಮ್ ಪೈಲು ಕೊಡ್ಬ್ಯಾಡಿ ಸಾ" ಎಂದಳಂತೆ. ವಕೀಲರು ಸಮಾಧಾನ ಮಾಡಲು ಹೇಳಿದ ಮಾತು: "ಇವಳು ಆ ಥರದವಳಲ್ಲಮ್ಮ, ನಮ್ಮ ಹುಡುಗಿ." ಹೆಂಗಸು ಒಪ್ಪಿ ಫೈಲು ಕೊಟ್ಟಳು. ಸಂಜೆ ಮನೆಗೆ ಬಂದ ಮಗಳು ತಟ್ಟೆಯ ಮುಂದೆ ಕೂತು ಊಟ ಮಾಡಲಿಲ್ಲ.

"ಫೈಲು ಕೊಟ್ಟಳಲ್ಲ, ಮತ್ತೇನು?" ಅಂದೆ.

"ಆ ಥರ ಅಂದ್ರೆ ಯಾವ ಥರ ಅಬ್ಬಾ? ನಾನು ಆ ಥರ ಅಲ್ಲ ಅಂತ ಇನ್ನೊಬ್ಬರು ಹೇಳಿದ್ರೇ ನಂಬೋದಾ?"

ಆಮೇಲೆ ಮೈಸೂರಿಗೆ ಹೋಗಿ ಕಾನೂನಿನಲ್ಲಿ ಎಂ.ಎ.ಯಂಥ ಇನ್ನೊಂದು ಪರೀಕ್ಷೆ ಮುಗಿಸಿ, ಹಾಸನದ ಒಂದು ಕಾಲೇಜಿನಲ್ಲಿ ಪಾಠ ಹೇಳಲು ಸೇರಿದಳು. ಪಾಠ ಹೇಳುತ್ತಲೇ ಪಿಎಚ್.ಡಿ.ಗೆ ಹೆಸರು ಬರೆಸಿದಳು. ವಿಷಯ ಏನು ಎಂದು ಕೇಳಿದೆ. ಮುಸ್ಲಿಮರನ್ನು ಕಂಡರೆ ಜನಕ್ಕೆ ಹುಟ್ಟುವ ಭಯ, ಆ ಭಯದಿಂದ ನಮ್ಮ ನಾಗರಿಕ ಹಕ್ಕುಗಳು ಹೇಗೆ ಸವೆಯುತ್ತವೆ ಎಂಬುದು ಅಂದಳು. ಅದಕ್ಕೊಂದು ಹೆಸರಿದೆ, ಇಸ್ಲಾಮೋಫೋಬಿಯಾ. ಸರ್ಕಾರಿ ಆಸ್ಪತ್ರೆಯ ಗೋಡೆಯ ಮೇಲೆ ನಾಯಿ ಕಡಿತದ ಬೋರ್ಡಿನಲ್ಲಿ ಹೈಡ್ರೋಫೋಬಿಯಾ ಎಂದು ಓದಿದ್ದೆ. "ಅದರ ತಮ್ಮನಾ ಇದು?" ಅಂದೆ. ಬಿದ್ದು ಬಿದ್ದು ನಕ್ಕಳು. ನಾನೂ ನಕ್ಕೆ. ಆ ನಗೆ ಮುಂದೆ ನನ್ನ ಗಂಟಲಿಗೇ ಸಿಕ್ಕಿಕೊಳ್ಳುತ್ತದೆಂದು ಯಾರಿಗೆ ಗೊತ್ತಿತ್ತು?

ಭಾನುವಾರ ಅಂಗಡಿ ಮುಚ್ಚಿ ಅವಳ ಜೊತೆ ಹೋಗುತ್ತಿದ್ದೆ. ಜನರ ಮಾತು ಕೇಳಿ ಬರೆದುಕೊಳ್ಳಬೇಕು. ಒಂಟಿ ಹುಡುಗಿ ಹೋಗಿ ಬಾಗಿಲು ತಟ್ಟಿದರೆ ತೆರೆಯುವುದಿಲ್ಲ. ಅರಕಲಗೂಡಿನಲ್ಲಿ ನಮ್ಮ ನೆಂಟರೇ ಚಹ ಕೊಟ್ಟು, ಹಾಸನದಲ್ಲಿ ಮನೆ ಬಾಡಿಗೆಗೆ ಸಿಗದ ಕತೆ, ಬಸ್ಸಿನಲ್ಲಿ ಪಕ್ಕದವನು ಎದ್ದುಹೋದ ಕತೆ ಎಲ್ಲಾ ಹೇಳುತ್ತಿದ್ದರು. ಅವಳು ಪೆನ್ನು ತೆಗೆದ ಕೂಡಲೇ, "ಅಯ್ಯೋ, ನಮಗೇನೂ ಆಗಿಲ್ಲಮ್ಮ, ಚೆನ್ನಾಗೇ ಇದ್ದೀವಿ" ಎನ್ನುತ್ತಿದ್ದರು.

ಚನ್ನರಾಯಪಟ್ಟಣದಲ್ಲಿ ಗುಜರಿಯ ಮುದುಕರನ್ನು ಹುಡುಕಿಕೊಂಡು ಹೋದೆವು. ಕಣ್ಣು ಮಂಜಾಗಿತ್ತು, ದನಿಯಿಂದಲೇ ನನ್ನ ಗುರುತು ಹಿಡಿದರು. ಊರು ಯಾಕೆ ಬಿಟ್ಟಿರಿ ಎಂದು ಮಗಳು ಕೇಳಿದಳು. ನನ್ನ ಕಡೆ ಮುಖ ಮಾಡಿ ಹೇಳಿದರು:

"ನಿಮ್ಮಪ್ಪನ ಅಂಗಡಿ ಮುಂದೆ ಕುರ್ಚಿ ಇತ್ತು ಮಗಳೇ. ನನ್ನ ಅಂಗಡಿ ಮುಂದೆ ಯಾರೂ ಕುರ್ಚಿ ಹಾಕಲಿಲ್ಲ. ಅಷ್ಟೇ. ಬೇರೇನೂ ಇಲ್ಲ. ಬರಕೋ."

ವಾಪಸ್ಸು ಬರುವ ಬಸ್ಸಿನಲ್ಲಿ ಮಗಳು ಕುರ್ಚಿಯ ಕತೆಯನ್ನು ಮತ್ತೆ ಹೇಳಿಸಿದಳು. ಹೇಳಿದೆ, ಎಂದಿನ ಹಾಗೆ ಎದೆಯುಬ್ಬಿಸಿ. ಇದನ್ನು ಬರೆಯಲಾ ಎಂದು ಕೇಳಿದಳು. "ಬರಿ, ಬರಿ. ಗೌಡರ ಒಳ್ಳೇತನ ನಾಲ್ಕು ಜನಕ್ಕೆ ಗೊತ್ತಾಗಲಿ" ಎಂದೆ.

ಆ ಭಾಗ ಮೊದಲು ಒಂದು ಕಾನೂನು ಪತ್ರಿಕೆಯಲ್ಲಿ ಇಂಗ್ಲಿಷಿನಲ್ಲಿ ಬಂತು. ಊರಿನ ಹೆಸರಿರಲಿಲ್ಲ, ಜನರ ಹೆಸರಿರಲಿಲ್ಲ. ಗೌಡರ ಅಕ್ಕನ ಮಗ ಹಾಸನದಲ್ಲಿ ಮೇಷ್ಟರು. ಅವರು ಅದನ್ನು ಓದಿ, ಕುರ್ಚಿ ಯಾರದೆಂದು ಹಿಡಿದು, ಗೌಡರ ಕಿವಿಗೂ ಹಾಕಿದರು.

ಒಂದು ಮಧ್ಯಾಹ್ನ ಗೌಡರು ಬಂದರು. ಸ್ಟೂಲು ಎಳೆದುಕೊಳ್ಳಲಿಲ್ಲ, ಹೊಸ್ತಿಲ ಮೇಲೆ ನಿಂತರು. ಒಳಗೆ ಒಬ್ಬ ರೈತ ತನ್ನ ಮೋಟರಿಗಾಗಿ ಕಾಯುತ್ತಾ ಕೂತಿದ್ದ.

"ಸಾಬ್ರೇ, ಫೋಬಿಯಾ ಅಂದ್ರೇನು?"

ನನ್ನ ಕೈಯಲ್ಲಿ ತಂತಿ ನಿಂತಿತು. "ಭಯ ಅಂತೆ ಗೌಡ್ರೇ. ಬನ್ನಿ, ಕೂತ್ಕಳಿ."

"ಸುಳ್ಳು ಯೋಳ್ಬ್ಯಾಡಿ. ದನದ್ ಡಾಕ್ಟ್ರ ಕೇಳ್ಕಂಡೇ ಬಂದಿವ್ನಿ. ಉಚ್ನಾಯಿ ಕಚ್ದೋರ್ಗೆ ಬತ್ತದಂತೆ. ನೀರ್ ಕಂಡ್ರೆ ಬೊಗುಳ್ತಾರಂತೆ."

"ಅದು ಬೇರೆ ಗೌಡ್ರೇ, ಇದು..."

"ಯಾವ್ದು ಬೇರೆ? ಆ ಪೋಬಿಯಾದ ಒಳ್ಗೆ ನನ್ ಕುರ್ಚಿ ತಂದ್ ಆಕವ್ಳಲ್ಲ ನಿಮ್ ಮಗ್ಳು! ನಿಮ್ ಬಾಗ್ಲು ಕಾಯಕ್ಕೆ ಬಿಸ್ಲಲ್ಲಿ ಕೂತಿದ್ದೋನು ನಾನು. ನಾನಾ ಉಚ್ನಾಯಿ?"

ಕಾಯುತ್ತಿದ್ದ ರೈತ ಎದ್ದು, ಬೀಡಿ ತರುವವನಂತೆ ಆಚೆ ಹೋದ. ನಾನೇ ಅಂದಿದ್ದ ತಮಾಷೆ, ಅದೇ ಮಾತು, ತಿರುಗಿ ಬಂದು ಹೊಸ್ತಿಲ ಮೇಲೆ ನಿಂತಿತ್ತು. ಎಷ್ಟು ಬಿಡಿಸಿ ಹೇಳಿದರೂ ಗೌಡರು ಕೇಳಲಿಲ್ಲ. ಕೋಪಕ್ಕಿಂತ ಹೆಚ್ಚಾಗಿ ಅವರ ಕಣ್ಣಲ್ಲಿ ನೋವಿತ್ತು. ಕೋಪವಾಗಿದ್ದರೆ ನಾನೂ ಎರಡು ಮಾತು ಆಡುತ್ತಿದ್ದೆ.

"ಅದೇನೋ ದೊಡ್ ಪುಸ್ತ್ಕ ಬರೀತಾವ್ಳಂತಲ್ಲ, ಅದ್ರಿಂದ ಕುರ್ಚಿ ತೆಗ್ಸಿ. ಇಲ್ಲ ಅಂದ್ರೆ ಯುಗಾದಿ ಒಳ್ಗೆ ಮಳಿಗೆ ಬುಟ್ಬುಡಿ. ನಂಗ್ ಬೇಕು ಅದು."

ಹೋದರು. ಮಳಿಗೆ ಬಿಡುವುದು ಎಂದರೆ ಬರೀ ಗೋಡೆ ಬಿಡುವುದಲ್ಲ. ಸುತ್ತಿನ ಹಳ್ಳಿಯವರು ಅಂಗಡಿಯನ್ನು ಹುಡುಕಿಕೊಂಡು ಬರುತ್ತಿದ್ದದ್ದು ಜಾಗದ ಗುರುತಿನಿಂದ. ವಾರ್ನಿಶ್ ಒಣಗಿಸುವ ಒಲೆಯನ್ನು ನಾನೇ ಇಟ್ಟಿಗೆ ಹೊತ್ತು ಕಟ್ಟಿದ್ದೆ. ಯುಗಾದಿಗೆ ಹೆಚ್ಚು ದಿನ ಇರಲಿಲ್ಲ. ಮಗಳು ಥೀಸಿಸ್ಸನ್ನು ಮೈಸೂರಿಗೆ ಕೊಡಬೇಕಾದದ್ದೂ ಅದೇ ಹೊತ್ತಿಗೆ.

ಮಾರನೆಯ ದಿನ ಹಾಡುಹಗಲೇ ಅಂಗಡಿಗೆ ಬೀಗ ಹಾಕಿ ಹಾಸನದ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಮಗಳಿಗೆ ಏನು ಹೇಳಬೇಕೆಂದು ಜೋಡಿಸಿಕೊಂಡೆ. ಕಾಲೇಜಿನ ಹಿಂದಿನ ಕ್ಯಾಂಟೀನಿನಲ್ಲಿ ಅವಳನ್ನು ಕೂರಿಸಿಕೊಂಡು, ಜೋಡಿಸಿಕೊಂಡದ್ದನ್ನೆಲ್ಲ ಬಿಟ್ಟು ಒಂದೇ ಮಾತು ಅಂದೆ.

"ಕುರ್ಚಿ ತೆಗಿ."

ಗೌಡರು ಬಂದದ್ದು, ಹುಚ್ಚುನಾಯಿ ಮಾತು, ಮಳಿಗೆ, ಎಲ್ಲಾ ಕೇಳಿಸಿಕೊಂಡಳು.

"ತೆಗೆದ್ರೆ ಆ ಅಧ್ಯಾಯ ಬಿದ್ದುಹೋಗುತ್ತೆ ಅಬ್ಬಾ. ಅದು ಬಿದ್ರೆ ಥೀಸಿಸ್ಸೇ ಇಲ್ಲ. ಉಳಿದಿದ್ದನ್ನೆಲ್ಲ ಬೇರೆಯವರು ಬರೆದಿದ್ದಾರೆ, ಕುರ್ಚಿ ಒಂದೇ ನಿನ್ನದು ಅಂತ ನಮ್ಮ ಗೈಡೇ ಹೇಳಿದ್ದಾರೆ."

"ನಿನ್ನದಲ್ಲ ಅದು. ನನ್ನ ಅಂಗಡಿ ಮುಂದಿನದು."

ಪಕ್ಕದ ಮೇಜಿನವರು ತಿರುಗಿ ನೋಡಿದರು. ಅವಳು ದನಿ ತಗ್ಗಿಸಿದಳು.

"ಸರಿ. ನೀವು ಬೇಡ ಅಂದ್ರೆ ತೆಗೀತೀನಿ. ಈ ಕೆಲಸ ಬಿಟ್ಟು ಮತ್ತೆ ಕರಿ ಕೋಟು ಹಾಕ್ಕೊಂಡು ಜಮೀನು ಕೇಸು ಹಿಡೀತೀನಿ. ಆದ್ರೆ ಒಂದ್ಸಲ ಕೇಳಿಸ್ಕೊಂಡು ಆಮೇಲೆ ಹೇಳಿ."

ಚೀಲದಿಂದ ಹಾಳೆಗಳನ್ನು ತೆಗೆದು, ಇಂಗ್ಲಿಷಿನಲ್ಲಿದ್ದದ್ದನ್ನು ಕನ್ನಡ ಮಾಡುತ್ತಾ ಓದಿದಳು. ಗೌಡರನ್ನು ಧೈರ್ಯಸ್ಥ ಎಂದು ಬರೆದಿದ್ದಳು. ಆ ಬೀದಿಯಲ್ಲಿ ಪೊಲೀಸರೂ ಮಾಡದ ಕೆಲಸವನ್ನು ಒಬ್ಬ ಮನುಷ್ಯ ಮಾಡಿದ ಎಂದಿತ್ತು. ಆಮೇಲೆ, ಒಬ್ಬ ನಾಗರಿಕ ತನ್ನ ಅಂಗಡಿಯ ಬಾಗಿಲು ತೆರೆಯಲು ಇನ್ನೊಬ್ಬರು ಅವನ ಪರವಾಗಿ ಕೂರಬೇಕಾದರೆ ಅದು ಹಕ್ಕಲ್ಲ, ದಯೆ. ದಯೆ ಊರಲ್ಲಿಲ್ಲದ ದಿನ ಅವನು ಏನು ಮಾಡಬೇಕು ಎಂದಿತ್ತು. ಇಷ್ಟಕ್ಕೆ ನನ್ನ ಹತ್ತಿರ ಉತ್ತರವಿತ್ತು. ಗೌಡರು ಊರಲ್ಲೇ ಇದ್ದರಲ್ಲ, ಅನ್ನಬಹುದಿತ್ತು. ಅಷ್ಟರಲ್ಲಿ ಮುಂದಿನ ಸಾಲು ಓದಿದಳು:

"ಮಾರನೆಯ ದಿನದಿಂದ ಅಂಗಡಿಯವನು ಪ್ರತಿ ಬೆಳಿಗ್ಗೆ ಬೀಗದ ಕೈ ಹಿಡಿದು ಎದುರಿನ ಟೀ ಅಂಗಡಿಯ ಬಳಿ ನಿಂತಿರುತ್ತಿದ್ದ. ಕುರ್ಚಿ ಬಂದ ಮೇಲೆ ಬಾಗಿಲು ತೆಗೆಯುತ್ತಿದ್ದ."

ನಾನು ಇದನ್ನು ಯಾವ ಮದುವೆಯಲ್ಲೂ ಹೇಳಿರಲಿಲ್ಲ. ಹೆಂಡತಿಗೂ ಹೇಳಿರಲಿಲ್ಲ.

"ಯಾರು ಹೇಳಿದ್ದು ನಿನಗೆ?"

"ನಿಮ್ಮ ಇನ್ನೊಂದು ಕೈ ಹಿಡ್ಕೊಂಡು ನಾನೂ ನಿಂತಿರ್ತಿದ್ದೆ ಅಬ್ಬಾ."

ಟೀ ಆರಿಹೋಗಿತ್ತು. ಅದನ್ನೇ ಕುಡಿದೆ. ಆ ಬೆಳಗುಗಳು ಹಾಗೆಹಾಗೇ ಎದುರಿಗೆ ಬಂದವು. ಗೌಡರು ಬರುವುದು ತಡವಾದರೆ, ಕೈಯಲ್ಲಿ ಕೆಲಸ ಗೊತ್ತಿದ್ದೂ, ಬೀಗದ ಕೈ ನನ್ನದೇ ಆಗಿದ್ದೂ, ನಾನು ಗಿರಾಕಿಯಂತೆ ನನ್ನ ಅಂಗಡಿಯೆದುರು ನಿಂತಿರುತ್ತಿದ್ದೆ. ತೆಗಿ ಎಂದು ಇನ್ನೊಮ್ಮೆ ಹೇಳಲು ಬಾಯಿ ಬರಲಿಲ್ಲ. ಇರಲಿ ಎನ್ನಲೂ ಬರಲಿಲ್ಲ.

"ನೀನೇ ಬಂದು ಗೌಡರಿಗೆ ಓದಿ ಹೇಳು" ಎಂದೆ.

ಆ ಭಾನುವಾರ ಬಂದಳು. ಅಂಗಡಿಯ ಅರ್ಧ ಬಾಗಿಲು ತೆಗೆದು ಗೌಡರನ್ನು ಕರೆಸಿದೆ. ಸ್ಟೂಲಿನ ಮೇಲೆ ಕೂತು, ಕೋಲನ್ನು ಎರಡು ಕಾಲಿನ ನಡುವೆ ನೆಟ್ಟು, ಅವಳ ಮುಖ ನೋಡದೆ ಕೇಳಿದರು. ಅವಳು ಒಂದು ಅಕ್ಷರವನ್ನೂ ಬಿಡದೆ ಓದಿದಳು. ಬೀಗದ ಕೈಯ ಸಾಲು ಬಂದಾಗ ಗೌಡರು ತಲೆಯೆತ್ತಿ ನನ್ನನ್ನು ನೋಡಿದರು. ನಾನು ಮೂಲೆಯಲ್ಲಿ ಮಡಚಿಟ್ಟಿದ್ದ ಕುರ್ಚಿಯನ್ನು ನೋಡುತ್ತಿದ್ದೆ.

ಓದಿ ಮುಗಿಯಿತು.

"ನಾಯಿ ಎಲ್ಲೂ ಇಲ್ವಲ್ಲಾ ಇದ್ರಲ್ಲಿ" ಅಂದರು.

"ಇಲ್ಲ ಗೌಡಜ್ಜ. ಮೊದಲೂ ಇರಲಿಲ್ಲ."

"ಉಂ. ಸರ್ಯಾಗೇ ಬರ್ದಿದೀಯ ಮಗಾ. ಆದ್ರೂ ತೆಗಿ."

ನನಗೆ ಅರ್ಥವಾಗಲಿಲ್ಲ. ಮಗಳಿಗೂ ಆಗಲಿಲ್ಲ. "ಸರಿಯಾಗಿದ್ರೆ ಯಾಕೆ ತೆಗೀಬೇಕು?" ಎಂದಳು.

ಗೌಡರು ಬಾಗಿಲಿನ ಕಡೆ ಒಮ್ಮೆ ನೋಡಿದರು. ಬೀದಿಯಲ್ಲಿ ಯಾರೂ ಇರಲಿಲ್ಲ.

"ಅವತ್ತು ನಾ ಯಾಕ್ ಕುರ್ಚಿ ತಂದೆ ಅಂತ ನೀನು ಕೇಳ್ಲಿಲ್ಲ. ನಿಮ್ಮಪ್ಪನೂ ಇಷ್ಟ್ ವರ್ಷ ಕೇಳ್ಲಿಲ್ಲ. ಅವತ್ತು ಬೆಳಿಗ್ಗೆ ನಮ್ ತಮ್ಮನ ಮಗ ಇತ್ಲಲ್ಲಿ ಕಲ್ಲು ಆಯ್ಕತಿದ್ದ. ನಾ ಕಂಡೆ. ಬೈದ್ರೆ ಕೇಳೋ ಅಂಗಿರ್ಲಿಲ್ಲ. ಕುರ್ಚಿ ಎತ್ಕಂಡ್ ಬಂದೆ. ನನ್ ದಾಟ್ಕಂಡು ಅವ್ನು ಕಲ್ಲು ಎಸಿಯಲ್ಲ ಅಂತ ಗೊತ್ತಿತ್ತು."

ಗೌಡರು ಕೋಲಿನ ತುದಿಯಿಂದ ನೆಲ ಕೆರೆದು, ಮತ್ತೆ ಅಂದರು:

"ಬಂದಿದ್ದೋರೂ ನಮ್ಮೋರೇ ಸಾಬ್ರೇ. ಈಗ ಅವ್ನು ಪೇಟೇಲಿ ನಾಕ್ ಜನ್ರ ಮುಂದೆ ಕೂರೋ ಮನ್ಸ. ಎಣ್ಮಕ್ಕಳವೆ. ಇವತ್ತು ಕುರ್ಚಿ ಯಾರ್ದು ಅಂತ ನಮ್ ಅಕ್ಕನ ಮಗ ಇಡ್ದ. ನಾಳೆ ಇನ್ಯಾರೋ, ಕುರ್ಚಿ ಯಾರ್ನ್ ತಡಿಯಕ್ಕೆ ಆಕಿದ್ದು ಅಂತ ಇಡಿತಾನೆ."

"ಅದನ್ನ ನಾನು ಬರೆಯೋದಿಲ್ಲ ಗೌಡಜ್ಜ. ಈಗ ನೀವು ಹೇಳಿದ್ದು ಈ ಬಾಗಿಲ ಆಚೆ ಹೋಗಲ್ಲ" ಎಂದಳು ಮಗಳು. "ಬರೆದಿರೋದನ್ನ ತೆಗೆಯೋದು ಅಬ್ಬನಿಗೆ ಬಿಟ್ಟಿದ್ದೀನಿ."

ಇಬ್ಬರೂ ನನ್ನ ಕಡೆ ನೋಡಿದರು. ಗೌಡರು ಕೋಲನ್ನು ಗೋಡೆಗೆ ಒರಗಿಸಿ, ಎರಡೂ ಕೈಯನ್ನು ಮೊಣಕಾಲ ಮೇಲಿಟ್ಟರು. ಅವರು ಯಾರನ್ನಾದರೂ ಬೇಡಿಕೊಂಡದ್ದನ್ನು ನಾನು ನೋಡಿರಲಿಲ್ಲ.

"ನೀವ್ ಯೋಳಿ ಸಾಬ್ರೇ. ನೀವು ನಮ್ಮೋರು."

ಅದೇ ಮಾತು. ಅಷ್ಟು ವರ್ಷ ನಾನು ನೆಂಟರ ಮುಂದೆಲ್ಲ ಹಿಡಿದು ತೋರಿಸಿದ್ದ ಮಾತು. ಕಲ್ಲು ಹಿಡಿದು ಬಂದವನೂ ನಮ್ಮೋನು, ಒಳಗೆ ಮಗಳನ್ನು ಮೇಜಿನ ಹಿಂದೆ ಬಚ್ಚಿಟ್ಟುಕೊಂಡವನೂ ನಮ್ಮೋನು.

"ನಾನು ನಿಮ್ಮೋನೇ ಗೌಡ್ರೇ. ಇಲ್ಲ ಅನ್ನಲ್ಲ, ಅವತ್ತಿನ ಋಣ ನನ್ ಮೈಮೇಲದೆ" ಎಂದೆ. "ಆ ಗುಜರಿ ಅಂಗ್ಡಿ ಮುದುಕ್ರು ಯಾರೋರು?"

ಗೌಡರು ಗೋಡೆಗೆ ಒರಗಿಸಿದ್ದ ಕೋಲಿನ ಕಡೆ ಕೈ ಚಾಚಿದರು. ನಾನೇ ಮಾತು ಮುಗಿಸಿದೆ:

"ಬರ್ದಿರೋದು ಇರ್ಲಿ. ಯುಗಾದಿ ಒಳ್ಗೆ ಬೀಗದ ಕೈ ನಿಮ್ ಕೈಗೆ ಕೊಡ್ತೀನಿ."

ಆಗ ಮಗಳು ಧಡಕ್ಕನೆ ನನ್ನ ತೋಳು ಹಿಡಿದು ಉರ್ದುವಿನಲ್ಲಿ ಏನೇನೋ ಹೇಳತೊಡಗಿದಳು. ಅಂಗಡಿ ಬಿಡಬೇಡಿ, ಈ ವಯಸ್ಸಲ್ಲಿ ಎಲ್ಲಿಗೆ ಹೋಗ್ತೀರಿ, ಬೇಕಾದ್ರೆ ನಾನೇ ತೆಗೀತೀನಿ ಎಂದು. ನಾನೂ ಉರ್ದುವಿನಲ್ಲೇ ಗದರಿದೆ. ಗದರಿದ ಮೇಲೆ ಗೊತ್ತಾಯಿತು, ನಮ್ಮ ಕಾನೂನು ಮುರಿದುಬಿದ್ದಿತ್ತು. ಹೊರಗಿನವರ ಎದುರು ಆ ಗೋಡೆಗಳ ನಡುವೆ ಉರ್ದು ಕೇಳಿಸಿದ್ದು ಅದೇ ಮೊದಲು. ಗೌಡರು ಒಮ್ಮೆ ಅವಳನ್ನು, ಒಮ್ಮೆ ನನ್ನನ್ನು ನೋಡಿದರು.

"ಏನಂತಾಳೆ?"

"ಅಂಗ್ಡಿ ಬುಡಬ್ಯಾಡಿ ಅಂತಾಳೆ."

"ನೀವೇನಂದ್ರಿ?"

"ಬುಡ್ತೀನಿ ಅಂದೆ."

ಕೋಲು ತೆಗೆದುಕೊಂಡು ಎದ್ದು ಹೋದರು. ಬೇಡ, ಇರಿ ಎಂದು ಅನ್ನಲಿಲ್ಲ. ಅನ್ನುತ್ತಾರೇನೋ ಎಂದು ಅವರು ಬೀದಿ ತಿರುಗುವವರೆಗೂ ನಾನು ಕಾದದ್ದು ನಿಜ.

ಅರಕಲಗೂಡು ರಸ್ತೆಯಲ್ಲಿ, ಊರ ಹೊರಗೆ, ಒಂದು ತಗಡಿನ ಶೆಡ್ಡು ಸಿಕ್ಕಿತು. ಹಳೇ ಒಲೆಯ ಇಟ್ಟಿಗೆಗಳನ್ನು ಒಂದೊಂದೇ ಬಿಡಿಸಿ ಗಾಡಿಯಲ್ಲಿ ಸಾಗಿಸಿದೆ. ಕುರ್ಚಿಯನ್ನು ಮಳಿಗೆಯ ಮೂಲೆಯಲ್ಲೇ ಬಿಟ್ಟೆ. ಬೀಗದ ಕೈ ಕೊಡಲು ಹೋದಾಗ ಗೌಡರು ತೋಟದಲ್ಲಿದ್ದಾರೆ ಎಂದರು; ಅವರ ಹೆಂಡತಿಯ ಕೈಗೆ ಕೊಟ್ಟು ಬಂದೆ. ಆಯಮ್ಮ ಸೆರಗಿನ ತುದಿಗೆ ಅದನ್ನು ಗಂಟು ಹಾಕಿಕೊಂಡು, "ಕಾಪಿ ಕುಡ್ಕಂಡ್ ಓಗಿ" ಎಂದರು. ಕುಡಿಯದೆ ಬಂದೆ.

ಮೊದಲ ತಿಂಗಳುಗಳು ಕಷ್ಟವಾದವು. ಹಳೇ ಗಿರಾಕಿಗಳು ಮುಚ್ಚಿದ ಮಳಿಗೆಯ ಮುಂದೆ ನಿಂತು ನೋಡಿ ಬೇರೆ ಅಂಗಡಿಗೆ ಹೋದರು. ಯಾಕೆ ಬಿಟ್ಟಿರಿ ಎಂದು ಕೇಳಿದವರಿಗೆ, ಜಾಗ ಸಾಲದಾಯಿತು ಎಂದೆ. ಗೌಡರೂ ಅದನ್ನೇ ಹೇಳುತ್ತಿದ್ದಾರೆಂದು ಯಾರೋ ಹೇಳಿದರು. ಮಳಿಗೆಯನ್ನು ಅವರು ಬೇರೆ ಯಾರಿಗೂ ಕೊಡಲಿಲ್ಲ. ಮಗಳು ಥೀಸಿಸ್ಸು ಕೊಟ್ಟಳು. ಅದು ಎಲ್ಲೆಲ್ಲೋ ಓದುವವರ ಹತ್ತಿರ ಹೋಯಿತು, ವರ್ಷವಾಯಿತು. ಕೊನೆಗೆ ದೊಡ್ಡವರ ಮುಂದೆ ಕೂತು ಅದನ್ನು ಬಾಯಲ್ಲಿ ಒಪ್ಪಿಸಲು ಮೈಸೂರಿಗೆ ಕರೆದರು.

ಆ ದಿನ ಬೆಳಿಗ್ಗೆಯಿಂದ ಕಾಯಿಲು ಕಟ್ಟುತ್ತಾ ಸುತ್ತು ತಪ್ಪುತ್ತಿದ್ದೆ. ತಂತಿ ಬಿಚ್ಚಿ ಮತ್ತೆ ಸುತ್ತುತ್ತಿದ್ದೆ. ಮಧ್ಯಾಹ್ನ ಒಂದು ಟ್ರ್ಯಾಕ್ಟರು ಬಂದು ಶೆಡ್ಡಿನ ಮುಂದೆ ನಿಂತಿತು. ಆಳುಗಳು ಸುಟ್ಟ ಮೋಟರೊಂದನ್ನು ಇಳಿಸಿದರು. ಆ ಮೋಟರಿನ ಗುರುತು ನನಗಿತ್ತು, ನಾನೇ ಕಟ್ಟಿದ್ದು. ಹಿಂದಿನಿಂದ ಕೋಲೂರಿಕೊಂಡು ಗೌಡರು ಇಳಿದರು. ತೆಳ್ಳಗಾಗಿದ್ದರು.

"ಕರೆಂಟು ಏರುಪೇರಾಗಿ ಸುಟ್ಟೋಯ್ತು. ನಿಮ್ ಕೆಲ್ಸದ್ ತಪ್ಪಲ್ಲ."

"ಗೊತ್ತು ಗೌಡ್ರೇ. ಬನ್ನಿ ಒಳ್ಗೆ."

ಬಂದರು. ಕೂರಲು ಏನೂ ಇರಲಿಲ್ಲ. ತಂತಿ ಬರುವ ಮರದ ಪೆಟ್ಟಿಗೆಯೊಂದನ್ನು ಬೋರಲು ಹಾಕಿ, ಮೇಲಿನ ಧೂಳು ಹೊಡೆದೆ. ಕೂತರು. ಮೋಟರಿನ ಮುಚ್ಚಳ ಬಿಚ್ಚುತ್ತಿದ್ದೆ, ಅಷ್ಟರಲ್ಲಿ ಜೇಬಿನಲ್ಲಿ ಫೋನು ಹೊಡೆಯಿತು. ಮಗಳು. ಎದ್ದು ಆಚೆ ಹೋಗಬೇಕೆಂದು ಕಾಲು ತಾನಾಗಿಯೇ ಅಲುಗಾಡಿತು. ಹೋಗಲಿಲ್ಲ. ಅಲ್ಲೇ ನಿಂತು, ದನಿ ತಗ್ಗಿಸದೆ, "ಹಾಂ ಬೇಟಾ, ಬೋಲ್" ಎಂದೆ. ಅವಳು ಹೇಳಿದಳು. ನಾನು ಕೇಳಿದೆ, ಮತ್ತೆ ಕೇಳಿದೆ, ಅಲ್ಲಾಹನನ್ನು ನೆನೆದೆ, ಊಟ ಮಾಡಿದೆಯಾ ಎಂದೆ, ಎಲ್ಲವನ್ನೂ ಉರ್ದುವಿನಲ್ಲೇ. ಗೌಡರು ಸುಟ್ಟ ಕಾಯಿಲನ್ನು ಬೆರಳಿನಿಂದ ಒತ್ತಿ ನೋಡುತ್ತಾ ಕಾದರು.

"ಕೂಸಾ?"

"ಊಂ."

"ಪಾಸಾ?"

"ಪಾಸು. ಇನ್ಮೇಲೆ ಡಾಕ್ಟ್ರು ಅಂತೆ."

ಬೆರಳಿನ ಮಸಿಯನ್ನು ಪಂಚೆಗೆ ಒರೆಸಿಕೊಂಡರು. "ಪುಸ್ತ್ಕದಲ್ಲಿ ಕುರ್ಚಿ?"

"ಅದೆ."

ಗೌಡರು ಶೆಡ್ಡನ್ನು ಸುತ್ತಲೂ ನೋಡಿ, ತಾವು ಕೂತಿದ್ದ ಪೆಟ್ಟಿಗೆಯನ್ನು ಕೋಲಿನಿಂದ ತಟ್ಟಿದರು.

"ಬಂದೋರ್ ಕೂರಕ್ಕೂ ಒಂದು ಗತಿ ಇಲ್ವಲ್ಲಾ ಸಾಬ್ರೇ ಇಲ್ಲಿ. ಆ ಹಳೇದು ಮಳಿಗೇಲೇ ಬಿದ್ದದೆ. ಆಳ್ ಕೈಲಿ ಕಳುಸ್ತೀನಿ."

"ಕಳ್ಸಿ ಗೌಡ್ರೇ. ಬಾಗ್ಲ ಮುಂದಲ್ಲ, ಒಳ್ಗಡೆ ಆಕ್ತೀನಿ."

ನನ್ನ ಮುಖವನ್ನು ಒಮ್ಮೆ ದಿಟ್ಟಿಸಿದರು. ತಲೆಯಾಡಿಸಿ, ಮೋಟರಿನ ಕಡೆ ತಿರುಗಿ, ನಾಳೆ ಸಂಜೆಗೆ ಆಯ್ತದಾ ಎಂದು ಕೇಳಿದರು. ಕರೆಂಟು ಇದ್ದರೆ ಆಗುತ್ತದೆ ಎಂದೆ.